ಪರದೆಗೆ ಪರ್ಷಿಯನ್ ದನಿ ತಂದ ಸೆಪಂತಾ

ಪರ್ಷಿಯನ್ ಭಾಷೆಗೆ ಸಾವಿರ ವರ್ಷಗಳಿಗೂ ಮಿಕ್ಕ ಕಾವ್ಯಪರಂಪರೆಯಿದೆ. ಆದರೆ ಆ ಭಾಷೆ ಬೆಳ್ಳಿತೆರೆಯ ಮೇಲೆ ಮೊದಲ ಬಾರಿಗೆ ಬಾಯಿ ತೆರೆದದ್ದು ಟೆಹರಾನಿನಲ್ಲಲ್ಲ, ಇಸ್ಫಹಾನಿನಲ್ಲೂ ಅಲ್ಲ, ನಮ್ಮ ಮುಂಬಯಿಯಲ್ಲಿ. 1933ರಲ್ಲಿ ಅಲ್ಲಿ ಸಿದ್ಧವಾದ 'ದೊಖ್ತರೆ ಲೊರ್' ಎಂಬ ಚಿತ್ರವೇ ಮೊದಲ ಪರ್ಷಿಯನ್ ವಾಕ್ಚಿತ್ರ. ಅದರ ಕಥೆ, ಸಂಭಾಷಣೆಗಳನ್ನು ಬರೆದು, ನಾಯಕನಾಗಿಯೂ ನಟಿಸಿದವರು ಅಬ್ದುಲ್ ಹುಸೇನ್ ಸೆಪಂತಾ. ಇರಾನಿನ ಸಿನಿಮಾ ಚರಿತ್ರೆಯಲ್ಲಿ ಅವರನ್ನು ವಾಕ್ಚಿತ್ರದ ಪಿತಾಮಹರೆಂದು ಗೌರವಿಸಲಾಗುತ್ತದೆ.

ಈ ಪಿತಾಮಹರ ಬದುಕಿನ ಲೆಕ್ಕ ಮಾತ್ರ ವಿಚಿತ್ರವಾದದ್ದು. 1933ರಿಂದ 1937ರೊಳಗೆ ಅವರ ಐದು ಕಥಾಚಿತ್ರಗಳು ತೆರೆಕಂಡವು. ಐದೂ ತಯಾರಾದದ್ದು ಭಾರತದಲ್ಲಿ. ಆಮೇಲೆ ಅವರು ಮೂವತ್ತೆರಡು ವರ್ಷ ಬದುಕಿದ್ದರು. ಅಷ್ಟೂ ಕಾಲ ಬಹುಮಟ್ಟಿಗೆ ತಾಯ್ನಾಡಿನಲ್ಲೇ ಇದ್ದರು. ಆದರೆ ಅಲ್ಲಿ ಒಂದೇ ಒಂದು ಕಥಾಚಿತ್ರವನ್ನೂ ಮಾಡಲಾಗಲಿಲ್ಲ. ಪ್ರತಿಭೆ ಇತ್ತು, ಪ್ರೇಕ್ಷಕರಿದ್ದರು, ಗೆಲುವಿನ ದಾಖಲೆಯೂ ಕೈಯಲ್ಲಿತ್ತು. ಮತ್ತೆ ಯಾವುದರ ಕೊರತೆ? ಅರ್ಥಶಾಸ್ತ್ರ ಓದಿ, ದುಡಿಮೆಯ ವರ್ಷಗಳನ್ನೆಲ್ಲ ಸರಕಾರಿ ಕಡತಗಳ ನಡುವೆ ಕಳೆದ ನನಗೆ ಸೆಪಂತಾ ಅವರ ಬದುಕು ಸಿನಿಮಾದ ಕಥೆಗಿಂತ ಹೆಚ್ಚಾಗಿ ಆಡಳಿತದ ಕಥೆಯಾಗಿ ಕಾಣುತ್ತದೆ.

ಸೆಪಂತಾ ಜನಿಸಿದ್ದು 1907ರಲ್ಲಿ, ಟೆಹರಾನಿನಲ್ಲಿ. ಮುಸ್ಲಿಂ ಮನೆತನದಲ್ಲಿ ಹುಟ್ಟಿದರೂ ಇಸ್ಲಾಂ ಪೂರ್ವದ ಇರಾನಿನ ಭಾಷೆ, ಧರ್ಮ, ಇತಿಹಾಸಗಳು ಎಳವೆಯಲ್ಲೇ ಅವರನ್ನು ಸೆಳೆದಿದ್ದವು. ಅವರು ಆರಿಸಿಕೊಂಡ ಹೆಸರಿನಲ್ಲೇ ಆ ಒಲವು ಕಾಣುತ್ತದೆ. ಅವೆಸ್ತಾ ಭಾಷೆಯಲ್ಲಿ 'ಸ್ಪೆಂತ' ಎಂದರೆ ಪವಿತ್ರ. ಆ ಪ್ರಾಚೀನ ವಿದ್ಯೆಯನ್ನು ಹೇಳಿಕೊಡಬಲ್ಲವರು ಆಗ ಹೆಚ್ಚಾಗಿ ಇದ್ದದ್ದು ಮುಂಬಯಿಯ ಪಾರ್ಸಿಗಳ ನಡುವೆ. ಹಾಗಾಗಿ ಇಪ್ಪತ್ತರ ದಶಕದ ಕೊನೆಯಲ್ಲಿ ಈ ತರುಣ ಭಾರತಕ್ಕೆ ಬಂದರು. ಪಾರ್ಸಿ ವಿದ್ವಾಂಸ ಬಹರಾಮ್‌ಗೋರ್ ಅಂಕ್ಲೆಸಾರಿಯಾ, ನ್ಯಾಯವಾದಿ ದಿನ್‌ಶಾ ಇರಾನಿ ಅವರ ಒಡನಾಟ ಅಲ್ಲಿ ದೊರೆಯಿತು. 1932ರಲ್ಲಿ ರವೀಂದ್ರನಾಥ ಠಾಕೂರರು ಇರಾನ್ ಪ್ರವಾಸ ಕೈಗೊಂಡಾಗ ಜೊತೆಗಿದ್ದವರು ಇದೇ ದಿನ್‌ಶಾ ಇರಾನಿ.

ಮುಂಬಯಿ ಎಂದೊಡನೆ ಓದುಗರು ಅಚ್ಚರಿಪಡಬೇಕಿಲ್ಲ. ಹತ್ತೊಂಬತ್ತನೆಯ ಶತಮಾನದಲ್ಲಿ ಪರ್ಷಿಯನ್ ಪುಸ್ತಕಗಳ ಮುದ್ರಣಕ್ಕೆ ಮುಂಬಯಿ ಹೆಸರಾಂತ ಕೇಂದ್ರವಾಗಿತ್ತು. ಇರಾನಿನ ಸುಧಾರಕರು ಕದ್ದುಮುಚ್ಚಿ ಓದುತ್ತಿದ್ದ 'ಹಬ್ಲುಲ್ ಮತೀನ್' ಪತ್ರಿಕೆ 1893ರಿಂದ ಹೊರಟದ್ದು ಕೋಲ್ಕತ್ತದಿಂದ. ನಮ್ಮ ಕಂದಾಯ ಇಲಾಖೆಯ ಕನ್ನಡವನ್ನೇ ನೋಡಿ: ದಫ್ತರ, ದರಖಾಸ್ತು, ಜಮಾಬಂದಿ, ಶಿರಸ್ತೇದಾರ ಎಂಬ ಮಾತುಗಳಿಲ್ಲದೆ ಒಂದು ದಿನವೂ ಕಚೇರಿ ನಡೆಯುತ್ತಿರಲಿಲ್ಲ. ಇವೆಲ್ಲ ಆ ಭಾಷೆಯ ಮೂಲಕವೇ ನಮ್ಮವರೆಗೆ ಹರಿದು ಬಂದವು. ಇರಾನಿನ ದನಿಗೆ ಭಾರತದಲ್ಲಿ ಆಶ್ರಯ ಸಿಕ್ಕಿದ್ದು ಅದೇ ಮೊದಲಲ್ಲ.

ಮುಂಬಯಿಯಲ್ಲಿ ಸೆಪಂತಾ ಅವರಿಗೆ ಪರಿಚಯವಾದ ಮತ್ತೊಬ್ಬರು ಅರ್ದೇಶಿರ್ ಇರಾನಿ. 1931ರ ಮಾರ್ಚ್ 14ರಂದು ಭಾರತದ ಮೊದಲ ವಾಕ್ಚಿತ್ರ 'ಆಲಂ ಆರಾ'ವನ್ನು ಬಿಡುಗಡೆ ಮಾಡಿದ ಸಾಹಸಿ. ಚಿತ್ರ ತಯಾರಕರಾಗಿದ್ದಷ್ಟೇ ಅಲ್ಲ, ವಿದೇಶಿ ತಂತ್ರಜ್ಞನಿಂದ ಕೆಲಸ ಕಲಿತು ಧ್ವನಿಗ್ರಹಣದ ಹೊಣೆಯನ್ನೂ ಅವರು ಸ್ವತಃ ಹೊತ್ತಿದ್ದರು. ಸ್ಟುಡಿಯೊದ ಪಕ್ಕದಲ್ಲೇ ರೈಲುಹಳಿ. ಗಾಡಿಗಳ ಸದ್ದು ಅಡಗುವ ನಡುರಾತ್ರಿಯ ಬಳಿಕ 'ಆಲಂ ಆರಾ'ದ ಬಹುಪಾಲು ಚಿತ್ರೀಕರಣ ನಡೆಯುತ್ತಿತ್ತು. ಮೈಕ್ರೋಫೋನುಗಳನ್ನು ನಟರ ಸುತ್ತಮುತ್ತ ಬಚ್ಚಿಡುತ್ತಿದ್ದರು. ವಾದ್ಯಗಾರರು ಕ್ಯಾಮೆರಾದ ಕಣ್ಣಿಗೆ ಬೀಳದಂತೆ ಮರೆಯಲ್ಲಿ ಕುಳಿತು ನುಡಿಸಬೇಕಿತ್ತು. ಮಾತು, ಹಾಡು, ವಾದ್ಯ ಎಲ್ಲವೂ ಚಿತ್ರದ ಜೊತೆಜೊತೆಗೇ ಒಂದೇ ಫಿಲ್ಮಿನ ಮೇಲೆ ದಾಖಲಾಗುತ್ತಿದ್ದವು. ಇಂದಿನಂತೆ ಮಾತಿಗೊಂದು, ಸಂಗೀತಕ್ಕೊಂದು, ಹಿನ್ನೆಲೆಯ ಸದ್ದಿಗೊಂದು ಎಂದು ಬೇರೆ ಬೇರೆ ಪಟ್ಟಿಗಳನ್ನು ಸಿದ್ಧಪಡಿಸಿ ಕೊನೆಗೆ ಹದವಾಗಿ ಬೆರೆಸುವ ಸೌಲಭ್ಯ ಆಗ ಇರಲಿಲ್ಲ. ಒಬ್ಬರು ತಪ್ಪಿದರೆ ಎಲ್ಲರೂ ಮೊದಲಿನಿಂದ ಆರಂಭಿಸಬೇಕು.

ಈ ಕೆಲಸಕ್ಕೆ ದೊಡ್ಡ ಬಂಡವಾಳ ಬೇಕು. ಧ್ವನಿಗ್ರಹಣದ ಯಂತ್ರ, ಸ್ಟುಡಿಯೊ, ಫಿಲ್ಮ್ ಸಂಸ್ಕರಿಸುವ ಪ್ರಯೋಗಾಲಯ, ತರಬೇತಾದ ಕೆಲಸಗಾರರು ಇವೆಲ್ಲ ಅರ್ಥಶಾಸ್ತ್ರದ ಮಾತಿನಲ್ಲಿ ಸ್ಥಿರ ವೆಚ್ಚಗಳು. ಒಮ್ಮೆ ಇವನ್ನು ಹೂಡಿದ ಮೇಲೆ ಅದೇ ಸವಲತ್ತಿನಲ್ಲಿ ಇನ್ನೊಂದು ಭಾಷೆಯ ಚಿತ್ರ ತೆಗೆಯಲು ತಗಲುವ ಹೆಚ್ಚುವರಿ ವೆಚ್ಚ ಕಡಿಮೆ. ಅರ್ದೇಶಿರ್ ಇರಾನಿ ಇದನ್ನು ಚೆನ್ನಾಗಿ ಬಲ್ಲವರು. 'ಆಲಂ ಆರಾ'ದ ಬೆನ್ನಿಗೇ ತಮಿಳಿನ 'ಕಾಳಿದಾಸ್', ತೆಲುಗಿನ 'ಭಕ್ತ ಪ್ರಹ್ಲಾದ' ಅವರ ಇಂಪೀರಿಯಲ್ ಕಂಪನಿಯಿಂದಲೇ ಹೊರಬಂದವು. ಪರ್ಷಿಯನ್ ಚಿತ್ರ ಅವರ ಪಾಲಿಗೆ ಪೂರ್ವಜರ ನಾಡಿನ ಅಭಿಮಾನವೂ ಹೌದು, ಹೊಸ ಮಾರುಕಟ್ಟೆಯೂ ಹೌದು. ಯಂತ್ರವಿದ್ದ ಊರಿಗೆ ಭಾಷೆಗಳು ನಡೆದು ಹೋಗುತ್ತಿದ್ದ ಕಾಲವದು. ಕನ್ನಡದ 'ಸತಿ ಸುಲೋಚನಾ' ಕೂಡ 1934ರಲ್ಲಿ ಕೊಲ್ಲಾಪುರದ ಸ್ಟುಡಿಯೊದಲ್ಲಿ ತಯಾರಾಗಿ ಬರಬೇಕಾಯಿತು.

'ದೊಖ್ತರೆ ಲೊರ್' ಎಂದರೆ ಲೊರ್ ಬುಡಕಟ್ಟಿನ ಹುಡುಗಿ. ಬಾಲ್ಯದಲ್ಲೇ ದರೋಡೆಕೋರರ ಕೈಗೆ ಸಿಕ್ಕಿ, ದಾರಿಬದಿಯ ಚಹಾದಂಗಡಿಯಲ್ಲಿ ಕುಣಿಯುತ್ತ ಬದುಕುವ ಗುಲ್ನಾರ್. ಆ ಸೀಮೆಯ ದರೋಡೆ ಹತ್ತಿಕ್ಕಲು ಬಂದ ಸರಕಾರಿ ಅಧಿಕಾರಿ ಜಾಫರ್. ಇಬ್ಬರೂ ಪ್ರೀತಿಸುತ್ತಾರೆ, ತಪ್ಪಿಸಿಕೊಂಡು ಮುಂಬಯಿ ಸೇರುತ್ತಾರೆ, ಇರಾನಿನಲ್ಲಿ ಹೊಸ ಆಡಳಿತ ಬಂದು ಸುವ್ಯವಸ್ಥೆ ನೆಲೆಸಿದೆಯೆಂದು ತಿಳಿದು ತಾಯ್ನಾಡಿಗೆ ಮರಳುತ್ತಾರೆ. ನಿನ್ನೆಯ ಇರಾನ್, ಇಂದಿನ ಇರಾನ್ ಎಂಬ ಅರ್ಥದ ಉಪಶೀರ್ಷಿಕೆಯೂ ಚಿತ್ರಕ್ಕಿತ್ತು. ರೆಜಾ ಶಾ ಸರಕಾರಕ್ಕೆ ಒಂದು ಕಾಸಿನ ಖರ್ಚಿಲ್ಲದೆ ದೊರೆತ ಪ್ರಚಾರವೆಂದರೂ ತಪ್ಪಿಲ್ಲ.

ಗುಲ್ನಾರ್ ಪಾತ್ರಕ್ಕೆ ನಟಿಯನ್ನು ಹುಡುಕುವುದು ಸುಲಭವಿರಲಿಲ್ಲ. ಪರ್ಷಿಯನ್ ಮಾತನಾಡುವ, ಕ್ಯಾಮೆರಾದ ಮುಂದೆ ನಿಲ್ಲಲು ಒಪ್ಪುವ ಹೆಣ್ಣುಮಗಳು ಅಂದು ಸಿಗುವುದೇ ಅಪರೂಪ. ಕೊನೆಗೆ ಒಪ್ಪಿದವರು ಸ್ಟುಡಿಯೊ ನೌಕರರೊಬ್ಬರ ಪತ್ನಿ ರೂಹಂಗೀಜ್ ಸಾಮಿನೆಜಾದ್. ಅವರ ಮಾತಿನಲ್ಲಿ ಆಗ್ನೇಯ ಇರಾನಿನ ಕೆರ್ಮಾನ್ ಸೀಮೆಯ ಎಳೆತ ಎದ್ದು ಕೇಳುತ್ತಿತ್ತು; ಕಥೆ ನಡೆಯುವುದೋ ನೈರುತ್ಯದ ಲೊರ್ ಜನರ ನಾಡಿನಲ್ಲಿ. ಮೂಕಿಚಿತ್ರವಾಗಿದ್ದರೆ ಇದು ಯಾರಿಗೂ ತಿಳಿಯುತ್ತಿರಲಿಲ್ಲ. ಮಾತು ಬಂದ ಮೇಲೆ ಮುಚ್ಚಿಡುವಂತಿಲ್ಲ. ಸೆಪಂತಾ ನಟಿಯ ನಾಲಿಗೆಯನ್ನು ತಿದ್ದಲು ಹೋಗದೆ, ಆ ಉಚ್ಚಾರಕ್ಕೆ ಹೊಂದುವಂತೆ ಕಥೆಯನ್ನೇ ತಿದ್ದಿದರು. ನನಗೆ ಇದು ಬಹಳ ಮೆಚ್ಚುಗೆಯಾದ ಸಂಗತಿ. ಒಂದು ಭಾಷೆಯ ಮೊದಲ ವಾಕ್ಚಿತ್ರದಲ್ಲಿ ಕೇಳಿಸಿದ್ದು ರಾಜಧಾನಿಯ ಶಿಷ್ಟ ನುಡಿಯಷ್ಟೇ ಅಲ್ಲ. ದೂರದ ಒಂದು ಜಿಲ್ಲೆಯ ಹೆಣ್ಣುಮಗಳ ಮನೆಮಾತೂ ಅದರಲ್ಲಿತ್ತು.

1933ರ ಕೊನೆಯಲ್ಲಿ ಚಿತ್ರ ಟೆಹರಾನಿನಲ್ಲಿ ತೆರೆಕಂಡಿತು. ಅಲ್ಲಿನ ಪ್ರೇಕ್ಷಕರ ಪರಿಸ್ಥಿತಿಯನ್ನು ಊಹಿಸಿಕೊಳ್ಳಬೇಕು. ಬಹುಪಾಲು ಮಂದಿಗೆ ಓದು ಬಾರದು. ಮೂಕಿಚಿತ್ರಗಳ ಕಾಲದಲ್ಲಿ ಪರದೆಯ ಮೇಲೆ ಮೂಡುವ ಬರೆಹವನ್ನು ಗಟ್ಟಿಯಾಗಿ ಪರ್ಷಿಯನ್‌ನಲ್ಲಿ ಓದಿ ಹೇಳುವವರು ಚಿತ್ರಮಂದಿರಗಳಲ್ಲಿ ಇರುತ್ತಿದ್ದರು. ಅಂಥ ಜನ ಮೊದಲ ಬಾರಿಗೆ ಮಧ್ಯವರ್ತಿಯ ಹಂಗಿಲ್ಲದೆ ತಮ್ಮ ಭಾಷೆಯನ್ನು ಪರದೆಯಿಂದಲೇ ಕೇಳಿದರು. ಚಿತ್ರ ತಿಂಗಳುಗಟ್ಟಲೆ ಓಡಿತು. ಇರಾನಿನಲ್ಲೇ ಇದ್ದು ಮೂಕಿಚಿತ್ರ ತೆಗೆಯುತ್ತಿದ್ದ ಓಹಾನಿಯನ್ ಎಂಬ ಅರ್ಮೇನಿಯನ್ ಮೂಲದ ನಿರ್ದೇಶಕರ 'ಹಾಜಿ ಆಗಾ' ಎಂಬ ಹಾಸ್ಯಚಿತ್ರ ಅದೇ ಹೊತ್ತಿಗೆ ಬಂದು ಸೋತುಹೋಯಿತು. ದನಿ ಕೇಳಿದ ಕಿವಿಗೆ ಮೌನ ರುಚಿಸಲಿಲ್ಲ. ಹೊಸ ತಂತ್ರಜ್ಞಾನ ಒಬ್ಬರನ್ನು ಮೇಲೆತ್ತುವಾಗ ಇನ್ನೊಬ್ಬರ ಅನ್ನ ಕಳೆಯುತ್ತದೆ ಎಂಬುದಕ್ಕೆ ಇದೊಂದು ನಿದರ್ಶನ.

ಗೆದ್ದ ಮನುಷ್ಯನನ್ನು ಸರಕಾರ ಗುರುತಿಸಿತು. 1934ರಲ್ಲಿ ಇರಾನ್ ತನ್ನ ಮಹಾಕವಿ ಫಿರ್ದೌಸಿಯ ಸಹಸ್ರಮಾನೋತ್ಸವವನ್ನು ವಿಜೃಂಭಣೆಯಿಂದ ಆಚರಿಸಿತು. ತೂಸ್ ಪಟ್ಟಣದಲ್ಲಿ ಕವಿಯ ಭವ್ಯ ಸಮಾಧಿಯನ್ನು ರೆಜಾ ಶಾ ಉದ್ಘಾಟಿಸಿದರು. ದೇಶವಿದೇಶಗಳ ವಿದ್ವಾಂಸರು ಸೇರಿದರು. ಆ ಸಂದರ್ಭಕ್ಕೆಂದು ಸೆಪಂತಾ ಮುಂಬಯಿಯಲ್ಲೇ 'ಫಿರ್ದೌಸಿ' ಚಿತ್ರವನ್ನು ನಿರ್ದೇಶಿಸಿದರು. ಕವಿಗೆ ಮಾತು ಕೊಟ್ಟು ತಪ್ಪಿದ ಸುಲ್ತಾನ ಮಹಮೂದನ ಪ್ರಸಂಗ ಎಲ್ಲರೂ ಬಲ್ಲದ್ದೇ. ಆದರೆ ಪರದೆಯ ಮೇಲೆ ಸುಲ್ತಾನನನ್ನು ಚಿತ್ರಿಸಿದ ಬಗೆ ಸಿಂಹಾಸನದ ಮೇಲಿದ್ದವರಿಗೆ ಹಿಡಿಸಲಿಲ್ಲ. ಆ ಭಾಗಗಳನ್ನು ಬದಲಿಸಬೇಕಾಯಿತು. ರಾಜಾಶ್ರಯ ಬಂದಾಗ ಒಂದು ಕೈಯಲ್ಲಿ ಥೈಲಿ, ಇನ್ನೊಂದು ಕೈಯಲ್ಲಿ ಕತ್ತರಿ ಇರುತ್ತದೆ. ರಾಜನಿಂದ ನೊಂದ ಕವಿಯ ಕಥೆಯನ್ನೇ ಹೇಳಹೊರಟ ಕಲಾವಿದನಿಗೂ ಅದೇ ಪಾಠವಾದದ್ದು ಕಾಲದ ವಿನೋದ.

ಅನಂತರ 'ಶಿರೀನ್ ಮತ್ತು ಫರ್ಹಾದ್', ನಾದಿರ್ ಶಾನ ಭಾರತ ದಂಡಯಾತ್ರೆಯ ಹಿನ್ನೆಲೆಯಲ್ಲಿ ಒಂದು ಪ್ರೇಮಕಥೆಯನ್ನು ಹೇಳುವ 'ಕಪ್ಪು ಕಣ್ಣುಗಳು', ಕೋಲ್ಕತ್ತದ ಈಸ್ಟ್ ಇಂಡಿಯಾ ಫಿಲ್ಮ್ ಕಂಪನಿಗಾಗಿ 'ಲೈಲಾ ಮತ್ತು ಮಜನೂ' ತಯಾರಾದವು. ಮೊದಲನೆಯದು ಮತ್ತು ಕೊನೆಯದು ಹನ್ನೆರಡನೆಯ ಶತಮಾನದ ಕವಿ ನಿಜಾಮಿಯ ಕಾವ್ಯಗಳಲ್ಲಿ ನೆಲೆನಿಂತ ಕಥೆಗಳು. ಸೆಪಂತಾ ಯಾಕೆ ಮತ್ತೆ ಮತ್ತೆ ಕಾವ್ಯದ ಕಡೆ ಹೊರಳಿದರೆಂಬುದನ್ನು ಅರಿಯುವುದು ಕಷ್ಟವಲ್ಲ. ಇರಾನಿನಲ್ಲಿ ಕಾವ್ಯ ಕಣ್ಣಿಗಿಂತ ಕಿವಿಗೆ ಹತ್ತಿರವಾದದ್ದು. ಅಕ್ಷರ ಬಾರದವರಿಗೂ ಹತ್ತಾರು ಪದ್ಯಗಳು ಬಾಯಿಪಾಠ. ಪದ್ಯ ಮತ್ತು ಗಾಯನಕ್ಕೆ ಪ್ರಮುಖ ಸ್ಥಾನ ಕೊಟ್ಟು ಅವರು ಭಾರತೀಯ ವಾಕ್ಚಿತ್ರದ ಹಾಡಿನ ಮಾದರಿಯನ್ನು ಪರ್ಷಿಯನ್ ಪರಂಪರೆಗೆ ಕಸಿ ಮಾಡಿದರು. ಮುಂದೆ ಇರಾನಿನ ಚಿತ್ರಸಂಗೀತವೆಂದು ಯಾವುದು ಬೆಳೆಯಿತೋ ಅದರ ಮೊದಲ ಬೀಜಗಳು ಇಲ್ಲಿವೆ.

1936ರಲ್ಲಿ ಅವರು ಸ್ವದೇಶಕ್ಕೆ ಮರಳಲು ನಿರ್ಧರಿಸಿದರು. ಇರಾನಿನಲ್ಲೇ ಒಂದು ಸ್ಟುಡಿಯೊ ಕಟ್ಟಬೇಕು, ಪರ್ಷಿಯನ್ ಚಿತ್ರ ಪರ್ಷಿಯನ್ ನೆಲದಲ್ಲೇ ತಯಾರಾಗಬೇಕೆಂಬುದು ಅವರ ಹಂಬಲ. 'ಲೈಲಾ ಮತ್ತು ಮಜನೂ' ಚಿತ್ರದ ಪ್ರತಿಯೊಂದಿಗೆ ಸೆಪ್ಟೆಂಬರಿನಲ್ಲಿ ಬುಶೆಹರ್ ಬಂದರಿಗೆ ಬಂದಿಳಿದರು. ಮುಂದಿನದನ್ನು ಅವರೇ ನಂತರದಲ್ಲಿ ನೋವಿನಿಂದ ನೆನಪಿಸಿಕೊಂಡಿದ್ದಾರೆ. ಕಚೇರಿ ತೊಡಕುಗಳಿಂದಾಗಿ ಚಿತ್ರದ ಪ್ರತಿ ಕೂಡಲೇ ಕೈಗೆ ಸಿಗಲಿಲ್ಲ; ಅದನ್ನು ಅಲ್ಲೇ ಬಿಟ್ಟು ಟೆಹರಾನಿಗೆ ಹೋಗಬೇಕಾಯಿತು. ಅಧಿಕಾರಿಗಳ ವರ್ತನೆ ಮೊದಲಿನಿಂದಲೂ ಕಾರಣವಿಲ್ಲದ ಹಗೆತನದ್ದು. ಪ್ರದರ್ಶನದ ಅನುಮತಿಗಾಗಿ ಎಷ್ಟೋ ಮಂದಿಯ ಬಾಗಿಲು ಕಾಯಬೇಕಾಯಿತು. ಅನುಮತಿ ಸಿಕ್ಕ ಮೇಲೆ ಚಿತ್ರಮಂದಿರಗಳ ಮಾಲೀಕರು ಪಟ್ಟು ಹಿಡಿದು, ಬಹುತೇಕ ಬಿಟ್ಟಿಯಾಗಿಯೇ ಚಿತ್ರವನ್ನು ಅವರಿಂದ ಕಿತ್ತುಕೊಂಡರು. ಸ್ಟುಡಿಯೊಗೆ ಸರಕಾರದ ನೆರವು ಸಿಗುವ ಆಸೆಯೂ ಬತ್ತಿತು.

ಇಲ್ಲಿ ಯಾರನ್ನೋ ಖಳರನ್ನಾಗಿ ನಿಲ್ಲಿಸಿ ಬೈಯುವುದು ನನ್ನ ಉದ್ದೇಶವಲ್ಲ. ಚಿತ್ರಮಂದಿರದ ಮಾಲೀಕನ ಲೆಕ್ಕಾಚಾರ ಸರಳ. ಹೊರದೇಶದ ಚಿತ್ರ ತನ್ನ ಖರ್ಚನ್ನು ತನ್ನ ನಾಡಿನಲ್ಲೇ ಗಳಿಸಿಕೊಂಡು ಬಂದಿರುತ್ತದೆ. ಹಾಗಾಗಿ ಅಗ್ಗದ ಬಾಡಿಗೆಗೆ ಸಿಗುತ್ತದೆ. ಪರ್ಷಿಯನ್ ಚಿತ್ರವಾದರೋ ತನ್ನ ಅಷ್ಟೂ ಅಸಲನ್ನು ಇರಾನಿನ ಕೆಲವೇ ನಗರಗಳ ಕೆಲವೇ ಚಿತ್ರಮಂದಿರಗಳಿಂದ ಹುಟ್ಟಿಸಬೇಕು. ತಯಾರಕ ಒಬ್ಬನೇ, ಅವನಿಗೆ ಬೇರೆ ಮಾರುಕಟ್ಟೆಯಿಲ್ಲ, ಕೈಯಲ್ಲಿರುವ ಸರಕು ದಿನೇ ದಿನೇ ಹಳತಾಗುತ್ತದೆ. ಇಂಥವನ ಮುಂದೆ ಬೆಲೆ ನಿಗದಿ ಮಾಡುವವರು ಯಾವಾಗಲೂ ಕೊಳ್ಳುವವರೇ. ಇಂಥ ಕಡೆಯಲ್ಲೇ ಎಳೆಯ ಉದ್ಯಮಗಳಿಗೆ ಸ್ವಲ್ಪ ಕಾಲ ರಕ್ಷಣೆ ಬೇಕೆಂದು ಅರ್ಥಶಾಸ್ತ್ರಜ್ಞರು ವಾದಿಸುವುದು.

ಆ ಸರಕಾರಕ್ಕೆ ಉದ್ಯಮ ಕಟ್ಟುವುದು ತಿಳಿದಿರಲಿಲ್ಲವೆಂದೇನೂ ಅಲ್ಲ. ಚಹಾ, ಸಕ್ಕರೆಗಳ ಮೇಲೆ ತೆರಿಗೆ ಹಾಕಿ, ವಿದೇಶಿ ಸಾಲವಿಲ್ಲದೆ, 1927ರಿಂದ 1938ರೊಳಗೆ ಕ್ಯಾಸ್ಪಿಯನ್ ಸಮುದ್ರದಿಂದ ಪರ್ಷಿಯನ್ ಕೊಲ್ಲಿಯವರೆಗೆ ರೈಲುಮಾರ್ಗ ಹಾಕಿದ ಸರಕಾರವದು. 1931ರಲ್ಲಿ ವಿದೇಶಿ ವ್ಯಾಪಾರವನ್ನೇ ತನ್ನ ಹತೋಟಿಗೆ ತೆಗೆದುಕೊಂಡಿತ್ತು. ಜವಳಿ ಗಿರಣಿಗಳಿಗೆ ಉತ್ತೇಜನವಿತ್ತು, ಟೆಹರಾನ್ ವಿಶ್ವವಿದ್ಯಾಲಯ ತಲೆಯೆತ್ತಿತ್ತು. ಆದರೆ ಅಧಿಕಾರಿಯ ಕಣ್ಣಿಗೆ ಉದ್ಯಮವಾಗಿ ಕಾಣಬೇಕಾದರೆ ಹೊಗೆಕೊಳವೆ ಇರಬೇಕು, ಮೂಟೆ ಎಣಿಸಲು ಬರಬೇಕು. ಬೆಳಕು, ದನಿಗಳನ್ನು ಡಬ್ಬಿಯಲ್ಲಿ ತುಂಬಿಕೊಂಡು ಬಂದವನನ್ನು ಯಾವ ಇಲಾಖೆಯ ಯಾವ ಶಾಖೆಗೆ ಕಳುಹಿಸಬೇಕು? ಕಡತ ಯಾವ ತಲೆಬರಹದಡಿ ತೆರೆಯಬೇಕೆಂದು ತಿಳಿಯದಿದ್ದಾಗ ಅದನ್ನು ತೆರೆಯದೇ ಇರುವುದು ಕಚೇರಿಯ ಸಹಜಗುಣ. ನಾನು ಕಂಡಂತೆ ಬಹಳಷ್ಟು ದರಖಾಸ್ತುಗಳು ತಿರಸ್ಕಾರದಿಂದ ಸಾಯುವುದಿಲ್ಲ, ನಿರ್ಧಾರವಿಲ್ಲದೆ ಸಾಯುತ್ತವೆ. ತಿರಸ್ಕರಿಸಿದರೆ ಮೇಲ್ಮನವಿಗಾದರೂ ಅವಕಾಶವುಂಟು. ಮೌನದ ಮೇಲೆ ಮೇಲ್ಮನವಿ ಹೋಗುವುದು ಎಲ್ಲಿಗೆ?

ಭಾರತಕ್ಕೆ ಹಿಂದಿರುಗುವ ಯೋಚನೆ ಸೆಪಂತಾ ಅವರಿಗಿತ್ತು. ತಾಯಿಯ ಅನಾರೋಗ್ಯ ಕಟ್ಟಿಹಾಕಿತು. ಇಸ್ಫಹಾನಿನಲ್ಲಿ ನೆಲೆನಿಂತರು. ಅಲ್ಲಿ ಅವರಿಗೆ ದೊರೆತದ್ದು ಉಣ್ಣೆ ಕಾರ್ಖಾನೆಯೊಂದರಲ್ಲಿ ನೌಕರಿ! ಸರಕಾರದ ಕಣ್ಣಿಗೆ ಉದ್ಯಮವಾಗಿ ಕಂಡ ಕ್ಷೇತ್ರವೇ ಕೊನೆಗೆ ಆ ಕಲಾವಿದನಿಗೂ ಅನ್ನ ನೀಡಿತು. 1943ರಲ್ಲಿ ತಮ್ಮ ಹೆಸರಿನದೇ ಒಂದು ಪತ್ರಿಕೆ ಆರಂಭಿಸಿದರು, ಐವತ್ತರ ದಶಕದಲ್ಲಿ ಅಮೆರಿಕದ ನೆರವು ಕಾರ್ಯಕ್ರಮದ ಇಸ್ಫಹಾನ್ ಕಚೇರಿಯಲ್ಲಿ ಕೆಲಸ ಮಾಡಿದರು, ಪದ್ಯ ಬರೆದರು. ಕೊನೆಗಾಲದಲ್ಲಿ ಸಣ್ಣ ಕ್ಯಾಮೆರಾ ಹಿಡಿದು ಹವ್ಯಾಸಕ್ಕಾಗಿ ಕಿರುಚಿತ್ರ ತೆಗೆದದ್ದೂ ಉಂಟು.

ಇದು ಒಬ್ಬ ವ್ಯಕ್ತಿಯ ನಷ್ಟ ಮಾತ್ರವಾಗಿದ್ದರೆ ಇಷ್ಟು ಬರೆಯುವ ಅಗತ್ಯವಿರಲಿಲ್ಲ. 1937ರ ಬಳಿಕ ಪರ್ಷಿಯನ್ ಕಥಾಚಿತ್ರಗಳ ತಯಾರಿಕೆಯೇ ನಿಂತುಹೋಯಿತು. ನಡುವೆ ಮಹಾಯುದ್ಧ, ಪರಕೀಯ ಸೇನೆಗಳ ಆಕ್ರಮಣ, ರೆಜಾ ಶಾ ಪದತ್ಯಾಗ ಎಲ್ಲವೂ ನಡೆದವು ನಿಜ. ಆದರೆ ಆಗ ನಿಲ್ಲಿಸಲು ಅಲ್ಲೊಂದು ಉದ್ಯಮವೇ ಇರಲಿಲ್ಲ. ಯುದ್ಧ ಮುಗಿದ ಮೇಲೆ ಇಸ್ಮಾಯಿಲ್ ಕೂಶಾನ್ ಎಂಬವರು ಫ್ರೆಂಚ್ ಚಿತ್ರವೊಂದಕ್ಕೆ ತುರ್ಕಿಯಲ್ಲಿ ಪರ್ಷಿಯನ್ ಮಾತು ಜೋಡಿಸಿ ತಂದರು. ಮತ್ತೊಮ್ಮೆ ಪರದೇಶದಿಂದಲೇ ಬಂತು ಸ್ವಂತ ಭಾಷೆ, ಈ ಬಾರಿ ಡಬ್ಬಿಂಗ್ ರೂಪದಲ್ಲಿ. ಇರಾನಿನ ನೆಲದಲ್ಲೇ ತಯಾರಾದ ಮೊದಲ ಪರ್ಷಿಯನ್ ವಾಕ್ಚಿತ್ರಕ್ಕೆ 1948ರ ತನಕ ಕಾಯಬೇಕಾಯಿತು. ಹನ್ನೊಂದು ವರ್ಷಗಳಲ್ಲಿ ಎಷ್ಟು ಮಂದಿ ಧ್ವನಿತಂತ್ರಜ್ಞರು, ಸಂಗೀತಗಾರರು, ಬರಹಗಾರರು ಕೆಲಸ ಕಲಿಯಬಹುದಿತ್ತು! ಆಗದೇ ಹೋದ ಕೆಲಸವನ್ನು ಯಾವ ಆಯವ್ಯಯ ಪತ್ರವೂ ನಷ್ಟದ ಕಲಮಿನಲ್ಲಿ ತೋರಿಸುವುದಿಲ್ಲ.

ಗುಲ್ನಾರ್ ಆಗಿ ಮನೆಮಾತಾದ ರೂಹಂಗೀಜ್ ಅವರು ತೆತ್ತ ಬೆಲೆ ಇನ್ನೂ ದೊಡ್ಡದು. ಸಿನಿಮಾದಲ್ಲಿ ನಟಿಸಿದರೆಂಬ ಒಂದೇ ಕಾರಣಕ್ಕೆ ಅವಮಾನ, ಕಿರುಕುಳಗಳಿಗೆ ಗುರಿಯಾದರು. ಬದುಕಿನ ಬಹುಭಾಗವನ್ನು ಜನರ ಕಣ್ಣಿಗೆ ಬೀಳದಂತೆ ಏಕಾಂತದಲ್ಲಿ ಕಳೆದು 1997ರಲ್ಲಿ ಕಣ್ಮುಚ್ಚಿದರು. ಕಲೆಗೆ ಸಮಾಜದಲ್ಲಿ ಮಾನ್ಯ ಸ್ಥಾನ ಇಲ್ಲದಿದ್ದಾಗ ಗಂಡಸು ಉದ್ಯೋಗ ಕಳೆದುಕೊಳ್ಳುತ್ತಾನೆ. ಹೆಣ್ಣು ಹೆಸರನ್ನೇ ಮರೆಮಾಡಿಕೊಳ್ಳಬೇಕಾಗುತ್ತದೆ.

ಸೆಪಂತಾ 1969ರ ಮಾರ್ಚ್ 28ರಂದು ಇಸ್ಫಹಾನಿನಲ್ಲಿ ತೀರಿಕೊಂಡರು. ಅದೇ ವರ್ಷ ಅಕ್ಟೋಬರಿನಲ್ಲಿ ಮುಂಬಯಿಯಲ್ಲಿ ಅರ್ದೇಶಿರ್ ಇರಾನಿ ಕಾಲವಾದರು. ಇರಾನಿನ ಹೊಸ ಅಲೆಯ ಆರಂಭವೆಂದು ಎಲ್ಲರೂ ಹೆಸರಿಸುವ ಎರಡು ಚಿತ್ರಗಳೂ ಆ ವರ್ಷದವೇ: ದಾರಿಯುಶ್ ಮೆಹರ್ಜೂಯಿ ಅವರ 'ಗಾವ್' ಮತ್ತು ಮಸೂದ್ ಕೀಮಿಯಾಯಿ ಅವರ 'ಕೈಸರ್'. ಮೊದಲನೆಯದಕ್ಕೆ ಹೊರ್ಮೊಜ್ ಫರ್ಹತ್, ಎರಡನೆಯದಕ್ಕೆ ಇಸ್ಫಂದಿಯಾರ್ ಮುನ್‌ಫರಿದ್‌ಜಾದೆ ಒದಗಿಸಿದ ಸಂಗೀತದಿಂದ ಇರಾನಿ ಚಿತ್ರಸಂಗೀತ ತನ್ನದೇ ಕಾಲ ಮೇಲೆ ನಿಂತಿತೆನ್ನಬಹುದು. 'ಗಾವ್' ಚಿತ್ರಕ್ಕೆ ಹಣ ಕೊಟ್ಟದ್ದು ಸರಕಾರದ ಸಂಸ್ಕೃತಿ ಇಲಾಖೆ. ಚಿತ್ರದಲ್ಲಿ ಹಳ್ಳಿಯ ಬಡತನ ಕಂಡು ಅದನ್ನು ತಡೆಹಿಡಿದದ್ದೂ ಅದೇ ಸರಕಾರ. ಕಥೆ ಹಿಂದಿನ ಕಾಲದ್ದೆಂಬ ಒಕ್ಕಣೆ ಸೇರಿಸಿದ ಮೇಲೆಯೇ ಅದಕ್ಕೆ ಬಿಡುಗಡೆ. 'ಫಿರ್ದೌಸಿ'ಯ ಕಾಲದ ಥೈಲಿ ಮತ್ತು ಕತ್ತರಿ ಮೂವತ್ತೈದು ವರ್ಷಗಳ ನಂತರವೂ ಜೊತೆಯಾಗಿಯೇ ಇದ್ದವು.

ಆದ್ದರಿಂದ ಸರಕಾರ ಕಲಾವಿದರಿಗೆ ಹಣ ಸುರಿಯಬೇಕೆಂಬ ವಾದವನ್ನು ನಾನು ಮುಂದಿಡುತ್ತಿಲ್ಲ. ಸೆಪಂತಾ ಅವರಿಗೆ ಬೇಕಿದ್ದದ್ದು ಅದಕ್ಕಿಂತ ಕಡಿಮೆಯದು, ಆದರೆ ಕೊಡುವುದಕ್ಕೆ ಹೆಚ್ಚು ಕಷ್ಟವಾದದ್ದು. ಬಂದರಿನಲ್ಲಿ ತಡೆಯಿಲ್ಲದೆ ಸರಕು ಬಿಡಿಸಿಕೊಳ್ಳುವ ವ್ಯವಸ್ಥೆ. ಅನುಮತಿ ಕೊಡುವುದಾದರೆ ಇಂತಿಷ್ಟು ದಿನದಲ್ಲಿ, ಇಲ್ಲವಾದರೆ ಕಾರಣ ಹೇಳಿ. ತಯಾರಕನಿಗೆ ತನ್ನ ಪಾಲು ದಕ್ಕುವಂಥ ನ್ಯಾಯವಾದ ಕರಾರು. ಇಷ್ಟಿದ್ದಿದ್ದರೆ ಸ್ಟುಡಿಯೊವನ್ನು ಅವರೇ ಕಟ್ಟಿಕೊಳ್ಳುತ್ತಿದ್ದರೇನೋ. ಮುಂಬಯಿ ಅವರಿಗೆ ಪ್ರಶಸ್ತಿ ಕೊಡಲಿಲ್ಲ, ಕೆಲಸ ಕೊಟ್ಟಿತು. ತಾಯ್ನಾಡು ಮುಂದೆ ಪಿತಾಮಹನೆಂಬ ಬಿರುದು ಕೊಟ್ಟಿತು. ಕೆಲಸ ಮಾತ್ರ ಕೊಡಲಿಲ್ಲ.

'ಆಲಂ ಆರಾ'ದ ಒಂದು ಪ್ರತಿಯೂ ಇಂದು ಉಳಿದಿಲ್ಲ. 'ದೊಖ್ತರೆ ಲೊರ್' ಉಳಿದಿದೆ. ಹಳೆಯ ಫಿಲ್ಮಿನ ಕರಕರ ಸದ್ದಿನ ನಡುವೆ ಕೆರ್ಮಾನಿನ ಎಳೆತದ ಒಂದು ಹೆಣ್ಣುದನಿ, ಅದಕ್ಕೆ ಓಗೊಡುವ ಒಬ್ಬ ತರುಣನ ದನಿ ಈಗಲೂ ಕೇಳಿಸುತ್ತದೆ. ತಾಯ್ನಾಡಿಗೆ ಮರಳಿದರೆ ಒಳಿತಾಗುತ್ತದೆಂದು ಆ ಚಿತ್ರದ ಕೊನೆಯಲ್ಲಿ ಅವರಿಬ್ಬರೂ ನಂಬುತ್ತಾರೆ. ಆ ನಂಬಿಕೆಯನ್ನು ಉಳಿಸಿಕೊಡುವ ಹೊಣೆ ಯಾವ ಕಾಲಕ್ಕೂ ಕಡತದ ಈ ಬದಿಯಲ್ಲಿ ಕುಳಿತವರದು.